ತಾರಸಿಯ ಭತ್ತಕ್ಕೆ ಹಾಲು ತುಂಬದ ವರ್ಷ

ಮಸ್ಕತ್ತಿನ ವಾದಿ ಕಬೀರ್ ಬಡಾವಣೆಯ ನಮ್ಮ ಕಟ್ಟಡದಲ್ಲಿ ಲಿಗೋರಿ ಪೊರ್ಬುಗಳ ಗುರುತು ಹೇಳಲು ಹೆಸರೇ ಬೇಕಾಗಿರಲಿಲ್ಲ. ಸಂಜೆ ಬಕೆಟು ಹಿಡಿದು ಮೆಟ್ಟಿಲು ಹತ್ತುವ ಮನುಷ್ಯ ಎಂದರೆ ಎಲ್ಲರಿಗೂ ತಿಳಿಯುತ್ತಿತ್ತು. ಬಕೆಟಿನಲ್ಲಿರುವುದು ಎಸಿಯಿಂದ ತೊಟ್ಟಿಕ್ಕಿದ ನೀರು. ಮನೆಮನೆಯ ಎಸಿ ಕೊಳವೆಯ ಕೆಳಗೆ ಅವರೇ ಒಂದೊಂದು ಡಬ್ಬಿ ಇಟ್ಟಿದ್ದರು. ನಮ್ಮ ಬಾಲ್ಕನಿಯಲ್ಲೂ ಒಂದಿತ್ತು.

"ಜಮೀಲಾ ಉಮ್ಮ, ನೀರು ಆಯ್ತಾ?" ಎಂದು ಬಾಗಿಲಲ್ಲಿ ನಿಂತು ನನ್ನನ್ನು ಕೇಳುವರು.

"ಆಗದೆ ಎಂತ? ಸೊಸೆ ಎಸಿ ಆಫ್ ಮಾಡುವುದೇ ಇಲ್ಲ. ನಿಮ್ಮ ಗದ್ದೆಗೆ ಒಳ್ಳೆಯದೇ ಆಯ್ತು."

ಗದ್ದೆ ಎಂದರೆ ತಾರಸಿಯ ಮೇಲೆ ಸಾಲಾಗಿ ಇಟ್ಟ ಥರ್ಮೊಕೋಲ್ ಪೆಟ್ಟಿಗೆಗಳು. ಮೀನು ತುಂಬಿ ಬಂದ ಪೆಟ್ಟಿಗೆಗಳವು. ನನ್ನ ಮಗ ಶಹೀದ್ ಮೀನಿನ ವ್ಯಾಪಾರ ಮಾಡುವವನಾದ್ದರಿಂದ ಅವನೇ ತಂದು ಕೊಟ್ಟಿದ್ದ. ತೊಳೆದು, ಒಣಗಿಸಿ, ಮಣ್ಣು ತುಂಬಿ ಅದರಲ್ಲಿ ಪೊರ್ಬುಗಳು ಭತ್ತ ಬಿತ್ತಿದ್ದರು. ಮಸ್ಕತ್ತಿನ ಕಲ್ಲುಗುಡ್ಡಗಳ ನಡುವೆ ಆ ಹಸಿರು ನೋಡಲೆಂದೇ ಕೆಳಗಿನ ಗ್ಯಾರೇಜಿನ ಹುಡುಗರು ಚಹಾದ ಕಪ್ ಹಿಡಿದು ಮೇಲೆ ಬರುತ್ತಿದ್ದರು.

ಪೊರ್ಬುಗಳದು ಕಿನ್ನಿಗೋಳಿಯ ಕಡೆ. ಮೀಸೆ ಮೂಡುವ ವಯಸ್ಸಿಗೆ ಒಮಾನಿಗೆ ಬಂದವರು. ಕೆಲವು ಕಾಲ ದೂರದ ದುಕ್ಮ್ ಎಂಬ ಊರಿನ ಕೆಲಸಗಾರರ ಕ್ಯಾಂಪಿನಲ್ಲಿದ್ದು, ಆಮೇಲೆ ಇಲ್ಲಿಯ ಒಂದು ಗ್ಯಾರೇಜಿನಲ್ಲಿ ಬಿಡಿಭಾಗಗಳ ಸ್ಟೋರ್ ನೋಡಿಕೊಳ್ಳಲು ಸೇರಿದರು. ಹೆಂಡತಿ ಗ್ರೆಟ್ಟಾ ಬಾಯಿ ಮಸ್ಕತ್ತಿನದೇ ಕುರುಮ್ ಬಡಾವಣೆಯ ಒಂದು ಮನೆಯಲ್ಲಿ ಅಡುಗೆ ಮಾಡುತ್ತಾರೆ. ಇಬ್ಬರೂ ಮಾತಿಗೆ ಕೂತರೆ ಏಳುವವರಲ್ಲ. ನನಗೂ ಕೇಳುವುದೆಂದರೆ ಬೇಸರವಿಲ್ಲ.

ಭತ್ತ ಯಾಕೆ ಎಂದು ನಾನು ಒಮ್ಮೆ ಕೇಳಿದ್ದೆ. ಸೆಪ್ಟೆಂಬರಿನಲ್ಲಿ ಮರಿಯಮ್ಮನವರ ಹುಟ್ಟುಹಬ್ಬ ಬರುತ್ತದೆ. ಅವರು ಅದನ್ನು ಮೊಂತಿ ಫೆಸ್ತ್ ಎನ್ನುತ್ತಾರೆ. ಆ ದಿನ ಹೊಸ ತೆನೆಯನ್ನು ಇಗರ್ಜಿಗೆ ಒಯ್ದು ಆಶೀರ್ವಾದ ಪಡೆದು, ಮನೆಗೆ ತಂದು, ಕಾಳು ಸುಲಿದು ಪುಡಿಮಾಡಿ ತೆಂಗಿನ ಹಾಲು ಬೆಲ್ಲಕ್ಕೆ ಬೆರೆಸಿ, ಮನೆಯ ಹಿರಿಯರು ಒಬ್ಬೊಬ್ಬರ ಕೈಗೆ ಕೊಡುತ್ತಾರೆ. ಅದಕ್ಕೆ ಹೊಸತು ಎನ್ನುತ್ತಾರೆ. ಆಮೇಲೆ ಬೆಸ ಲೆಕ್ಕದ ತರಕಾರಿಗಳ ಊಟ. ಮೀನು ಮಾಂಸ ಆ ದಿನ ಇಲ್ಲ. ದೂರ ಇದ್ದವರ ಪಾಲಿನ ಕಾಳನ್ನು ಲಕೋಟೆಯಲ್ಲಿಟ್ಟು ಕಳಿಸುವುದೂ ಉಂಟು.

"ದುಕ್ಮಿನಲ್ಲಿದ್ದಾಗ ಅಮ್ಮ ಕಳಿಸಿದ ಹೊಸತು ಕ್ರಿಸ್ಮಸ್ಸಿಗೆ ಬಂದು ಮುಟ್ಟಿತು ಉಮ್ಮ," ಎಂದರು ಪೊರ್ಬುಗಳು. "ಹುಳ ಬಿದ್ದಿತ್ತು. ಹುಳ ಊದಿ ತಿಂದೆ. ಅಮ್ಮ ಹೋದ ಮೇಲೆ ಲಕೋಟೆಯೂ ನಿಂತಿತು. ಹಾಗೆ ಒಂದು ಆಸೆ, ಇಲ್ಲಿಯೇ ಬೆಳೆದದ್ದನ್ನು ತಿನ್ನಬೇಕು ಅಂತ."

ಹಿಂದಿನ ಚಳಿಗಾಲದಲ್ಲಿ ಒಂದೇ ಪೆಟ್ಟಿಗೆಯಲ್ಲಿ ಬಿತ್ತಿ ನೋಡಿದ್ದರು. ತೆನೆ ಬಾಗುವಷ್ಟು ಕಾಳು ಬಂತು. ಅಲ್ಲಿಂದ ಅವರ ಎದೆ ಉಬ್ಬಿತು. ಅವರ ಊರಿನ ಕಡೆಯ ಕೆಲವು ಮನೆಗಳವರು ವಾದಿ ಕಬೀರಿನಲ್ಲೂ ವಾದಿ ಅದಾಯಲ್ಲೂ ಇದ್ದಾರೆ. ಪ್ರತಿ ವರ್ಷ ರಜೆ ಮುಗಿಸಿ ಬರುವ ಯಾರಾದರೂ ಅವರೆಲ್ಲರಿಗೂ ಊರಿನಿಂದ ತೆನೆ ತರುತ್ತಿದ್ದರು. "ಈ ಸಲ ಯಾರೂ ತರಬೇಡಿ, ಎಲ್ಲರಿಗೂ ನಾನೇ ಕೊಡ್ತೇನೆ," ಎಂದು ಪೊರ್ಬುಗಳು ಮಾತು ಕೊಟ್ಟರು. ಬೇಸಿಗೆಯಲ್ಲಿ ಪೆಟ್ಟಿಗೆಗಳು ತಾರಸಿಯ ಒಂದು ಬದಿ ತುಂಬಿದವು.

ಹಬ್ಬದ ವಾರ ಬಂತು. ಬೆಳಿಗ್ಗೆ ನಾನು ಮೆಣಸು ಒಣಹಾಕಲು ತಾರಸಿಗೆ ಹೋಗಿದ್ದೆ. ಪೊರ್ಬುಗಳು ಒಂದು ತೆನೆ ಹಿಡಿದು, ಹಾಲು ಎಷ್ಟು ಗಟ್ಟಿಯಾಗಿದೆ ಎಂದು ಉಗುರಿನಿಂದ ಕಾಳು ಅಮುಕಿ ನೋಡುತ್ತಿದ್ದರು. ಇನ್ನೊಂದು ಅಮುಕಿದರು. ಪಕ್ಕದ ಪೆಟ್ಟಿಗೆಗೆ ಹೋದರು. ಅಲ್ಲಿಯೂ ಅಮುಕಿದರು.

"ಎಂತಾಯ್ತು ಪೊರ್ಬುಗಳೇ?"

"ಜೊಳ್ಳು," ಎಂದರು. "ಒಳಗೆ ಏನೂ ಇಲ್ಲ."

ತೆನೆಗಳು ನೋಡಲು ಚೆಂದವೇ ಇದ್ದವು. ಆದರೆ ಬಾಗಿರಲಿಲ್ಲ, ನೆಟ್ಟಗೆ ನಿಂತಿದ್ದವು. ಹೂ ಬಿಡುವ ಹೊತ್ತಿಗೆ ಇಲ್ಲಿಯ ಬಿಸಿಲು ಹೂವನ್ನೇ ಸುಟ್ಟಿತ್ತು. ಚಳಿಗಾಲದ ಪೆಟ್ಟಿಗೆಯನ್ನು ನಂಬಿ ಅವರು ಬೇಸಿಗೆಯ ಮಾತು ಕೊಟ್ಟಿದ್ದರು.

ಆ ಸಂಜೆ ಗ್ರೆಟ್ಟಾ ಬಾಯಿ ನನ್ನ ಅಡುಗೆಮನೆಯಲ್ಲಿ ಕೂತು ಹೇಳಿದರು: "ಇವರು ಯಾರಿಗೂ ಹೇಳುವುದಿಲ್ಲವಂತೆ ಉಮ್ಮ. ತೆನೆ ಕೊಡುವುದು, ಇಗರ್ಜಿಯಲ್ಲಿ ಚೆಂದ ಕಾಣ್ತದೆ, ಮನೆಯಲ್ಲಿ ಎಲ್ಲರೂ ಹೇಗೂ ಅಂಗಡಿ ಅಕ್ಕಿ ಸೇರಿಸ್ತಾರೆ, ಗೊತ್ತಾಗುವುದಿಲ್ಲ ಅಂತಾರೆ."

"ನೀವು ಎಂತ ಹೇಳಿದಿರಿ?"

"ಮರಿಯಮ್ಮನಿಗೆ ಗೊತ್ತಾಗುವುದಿಲ್ಲವಾ ಅಂತ ಕೇಳಿದೆ. ಅದಕ್ಕೆ ಊಟ ಬಿಟ್ಟು ಎದ್ದು ಹೋದರು."

ಎರಡು ದಿನ ಹಾಗೆಯೇ ಕಳೆಯಿತು. ಬಕೆಟು ಹತ್ತುತ್ತಿತ್ತು, ಆದರೆ ಬಾಗಿಲಲ್ಲಿ ಮಾತು ಇರಲಿಲ್ಲ. ಶುಕ್ರವಾರ ಗ್ರೆಟ್ಟಾ ಬಾಯಿ ಕೆಲಸ ಮಾಡುವ ಮನೆಯ ಇರೀನಿ ಮೇಡಂ ಭತ್ತ ನೋಡಲು ಬಂದರು. ಗ್ರೀಸ್ ದೇಶದ ಹೆಂಗಸು. ಗಂಡನಿಗೆ ಹಡಗಿನ ಕಂಪೆನಿಯಲ್ಲಿ ಕೆಲಸ. ಅವರು ತಮ್ಮ ಬೆಟ್ಟದ ಸೀಮೆಯ ಹಳೆಯ ಕಾಲದ ದೇವರುಗಳ ಬಗ್ಗೆ ಪುಸ್ತಕ ಬರೆಯುತ್ತಿದ್ದರು. ನೀರಿನ ಟ್ಯಾಂಕಿನ ನೆರಳಿನಲ್ಲಿ ಕುರ್ಚಿ ಹಾಕಿದೆವು. ಮೇಡಂ ಇಂಗ್ಲಿಷಿನಲ್ಲಿ ಹೇಳುವುದು, ಗ್ರೆಟ್ಟಾ ಬಾಯಿ ನನಗೆ ಕನ್ನಡದಲ್ಲಿ ಹೇಳುವುದು, ಹೀಗೆ ನಡೆಯಿತು.

ತೆನೆ ಸವರಿ ನೋಡಿ ಮೇಡಂ ಬಹಳ ಹೊಗಳಿದರು. ಪೊರ್ಬುಗಳಿಗೆ ಆ ಹೊಗಳಿಕೆ ತಡೆಯಲಾಗಲಿಲ್ಲ.

"ಒಳಗೆ ಖಾಲಿ ಅಂತ ಹೇಳು ಗ್ರೆಟ್ಟಾ," ಎಂದರು. "ಮತ್ತೆ ಅವರ ಊರಿನಲ್ಲಿ ಬೆಳೆ ಕೈಕೊಟ್ಟರೆ ದೇವರಿಗೆ ಎಂತ ಕೊಡ್ತಿದ್ದರು, ಕೇಳು."

ಮೇಡಂ ಹೇಳತೊಡಗಿದರು. ಅವರ ಸೀಮೆಯ ಹೆಸರು ಅರ್ಕಾಡಿಯಾ. ಬರೀ ಬೆಟ್ಟ. ಅಲ್ಲಿ ಧಾನ್ಯದ ತಾಯಿ ದೆಮೆತೆರ್ ಎಂದು ಒಬ್ಬಳನ್ನು ಪೂಜಿಸುತ್ತಿದ್ದರು. ಆದರೆ ಊರೂರಿಗೆ ಅವಳು ಬೇರೆ. ಥೆಲ್ಪೂಸಾ ಎಂಬ ಊರಿನವರಿಗೆ ಅವಳು ಸಿಟ್ಟಿನವಳು. ಫಿಗಾಲಿಯಾದವರಿಗೆ ಅವಳು ಕಪ್ಪು ಉಟ್ಟವಳು. ಮಗಳನ್ನು ಕಳಕೊಂಡ ದುಃಖದಲ್ಲಿ ಅವರ ಗುಡ್ಡದ ಗುಹೆಯಲ್ಲಿ ಅಡಗಿ ಕೂತವಳು.

"ನಮ್ಮಲ್ಲಿಯೂ ಹಾಗೆಯೇ ಅಲ್ಲವಾ," ಎಂದರು ಪೊರ್ಬುಗಳು. "ಅತ್ತೂರಿನವರಿಗೆ ಅವರ ಸಂತ ಲಾರೆನ್ಸ್ ದೊಡ್ಡವರು. ಮತ್ತೆ?"

ಫಿಗಾಲಿಯಾದ ಗುಹೆಯಲ್ಲಿ ಮರದ ಮೂರ್ತಿ ಇತ್ತಂತೆ, ಹೆಂಗಸಿನ ಮೈ, ಕುದುರೆಯ ತಲೆ. ಅದು ಬೆಂಕಿಗೆ ಸುಟ್ಟುಹೋಯಿತು. ಜನ ಹೊಸತು ಮಾಡಿಸಲಿಲ್ಲ. ಮೂರ್ತಿಯಿಲ್ಲದೆ ಎಂತ ಹಬ್ಬ ಎಂದು ಹಬ್ಬವನ್ನೂ ಬಿಟ್ಟರು. ಆಮೇಲೆ ಹೊಲದಲ್ಲಿ ಏನೂ ಬೆಳೆಯಲಿಲ್ಲ. ದೇವವಾಣಿ ಕೇಳಲು ಹೋದರೆ, ತಾಯಿಯನ್ನು ಮರೆತಿದ್ದೀರಿ ಎಂಬ ಉತ್ತರ ಬಂತು. ಮೂರ್ತಿ ಮಾಡಿಸೋಣ ಎಂದರೆ ಹಳೆಯದು ಹೇಗಿತ್ತೆಂದು ಹೇಳುವವರಿಲ್ಲ. ಶಿಲ್ಪಿ ಹೆಚ್ಚಿನದನ್ನು ಕನಸಿನಲ್ಲಿ ಕಂಡು ಮಾಡಿದನೆಂದು ಜನ ಹೇಳಿಕೊಂಡರು.

"ಹಳೆಯದರ ಹಾಗೆಯೇ ಇತ್ತಾ?" ಎಂದು ಪೊರ್ಬುಗಳು ಕೇಳಿದರು.

ಮೇಡಂ ನಕ್ಕರು. ಗ್ರೆಟ್ಟಾ ಬಾಯಿ ಹೇಳಿದರು: "ಇಲ್ಲ ಅನ್ನಲು ಯಾರು ಬದುಕಿದ್ದರು ಅಂತ ಕೇಳ್ತಾರೆ."

"ಜನ ಒಪ್ಪಿದರಾ?"

"ಒಪ್ಪಿದರಂತೆ. ಮೊದಲಿಗಿಂತ ಹೆಚ್ಚು ನಡೆದುಕೊಂಡರಂತೆ. ಎಷ್ಟೋ ನೂರು ವರ್ಷದ ಮೇಲೆ ಒಬ್ಬ ಪ್ರಯಾಣಿಕ ಹೋದಾಗ ಆ ಎರಡನೆಯ ಮೂರ್ತಿಯೂ ಇರಲಿಲ್ಲವಂತೆ. ಆದರೂ ದ್ರಾಕ್ಷಿ, ಜೇನಿನ ಹುಟ್ಟು, ಕುರಿಯಿಂದ ಕತ್ತರಿಸಿದ ಹಸಿ ಉಣ್ಣೆ, ಇಷ್ಟನ್ನು ಇಟ್ಟು ಎಣ್ಣೆ ಹೊಯ್ಯುವುದು ನಿಂತಿರಲಿಲ್ಲ. ರಕ್ತದ ಬಲಿ ಇಲ್ಲ. ಕೇಳಿದಿರಾ, ನಮ್ಮ ಹಬ್ಬದ ಹಾಗೆ."

ಮೇಡಂ ಕೆಳಗಿಳಿದ ಮೇಲೆ ಪೊರ್ಬುಗಳು ಕತ್ತರಿ ಹಿಡಿದು ಒಂದೊಂದೇ ತೆನೆಯನ್ನು ಬುಡದಿಂದ ತುದಿಯವರೆಗೆ ಅಮುಕಿ ನೋಡುತ್ತಾ ಹೋದರು. ಟ್ಯಾಂಕಿನ ನೆರಳು ಬೀಳುವ ಮೂಲೆಯ ಪೆಟ್ಟಿಗೆಯಲ್ಲಿ ಕೆಲವು ತೆನೆಗಳ ಕೆಳಭಾಗಕ್ಕೆ ಕಾಳು ಕಟ್ಟಿತ್ತು. ಅವನ್ನು ಮಾತ್ರ ಕತ್ತರಿಸಿದರು. ಎಲ್ಲ ಸೇರಿ ಒಂದು ಮುಷ್ಟಿಗೂ ತುಂಬಲಿಲ್ಲ.

ಹಬ್ಬದ ಮುನ್ನಾದಿನ ಅವರ ಊರಿನ ಕಡೆಯವರೆಲ್ಲ ತಮ್ಮಲ್ಲೇ ಒಬ್ಬರಾದ ಫ್ರೆಡ್ಡಿಯವರ ಮನೆಯಲ್ಲಿ ಪ್ರಾರ್ಥನೆಗೆ ಸೇರುವ ಕ್ರಮ. ಮರಿಯಮ್ಮನಿಗೆ ಮಕ್ಕಳು ಹೂ ಹಾಕುವುದನ್ನು ನೋಡಲು ಬನ್ನಿ ಎಂದು ಗ್ರೆಟ್ಟಾ ಬಾಯಿ ನನ್ನನ್ನೂ ಕರೆದಿದ್ದರು. ಪ್ರಾರ್ಥನೆ ಮುಗಿದು ತೆನೆ ಹಂಚುವ ಹೊತ್ತಿಗೆ ಪೊರ್ಬುಗಳು ಎದ್ದು ನಿಂತರು.

"ಹಂಚಲು ಇಲ್ಲ," ಎಂದರು. "ಎಲ್ಲ ಜೊಳ್ಳು. ನನಗೆ ಗೊತ್ತಾಗಿ ಕೆಲವು ದಿನ ಆಯ್ತು. ಹೇಳಲಿಲ್ಲ, ಹೇಳಲು ನಾಚಿಕೆಯಾಯ್ತು. ಒಳ್ಳೆಯದು ಇಷ್ಟೇ." ತೆಳ್ಳಗಿನ ಆ ಕಟ್ಟನ್ನು ಮೇಜಿನ ಮೇಲಿಟ್ಟರು.

ಮೊದಲು ಬಾಯಿ ತೆರೆದವರು ಫ್ರೆಡ್ಡಿ. ಅವರಿಗೂ ಪೊರ್ಬುಗಳಿಗೂ ಹಿಂದಿನಿಂದಲೂ ಹಾಗೆಯೇ, ಒಬ್ಬರನ್ನೊಬ್ಬರು ಬಿಟ್ಟಿರಲಾಗದು, ಚುಚ್ಚದೆಯೂ ಇರಲಾಗದು.

"ಎಸಿ ನೀರು ಕುಡಿದ ಭತ್ತ ಅಲ್ಲವಾ ಮಾರಾಯ, ಒಳಗೆ ಗಾಳಿಯೇ ಇರ್ತದೆ. ಅದು ಬಿಡು. ಆ ದಿನವೇ ಹೇಳಿದ್ದರೆ ಊರಿನಿಂದ ತರಿಸಬಹುದಿತ್ತು. ಈಗ ಯಾರು ತರುವುದು?"

ಕೆಲವರು ಊರಿಗೆ ಫೋನು ಮಾಡಿದರು. ಮರುದಿನದ ವಿಮಾನದಲ್ಲಿ ಬರುವ ಪರಿಚಯದವರು ಯಾರೂ ಸಿಗಲಿಲ್ಲ. ಪೊರ್ಬುಗಳು ನಿಂತೇ ಇದ್ದರು, ಕೂರಲಿಲ್ಲ.

"ಈ ಕಟ್ಟನ್ನು ಇಷ್ಟು ಮನೆಗೆ ಹಂಚಿದರೆ ಒಬ್ಬೊಬ್ಬರಿಗೆ ಪರಿಮಳ ಸಿಗಬಹುದು," ಎಂದರು ಫ್ರೆಡ್ಡಿ.

"ಯಾಕೆ ಹಂಚುವುದು?" ಎಂದು ಡಾಲಿ ಬಾಯಿ ಕೇಳಿದರು. ಅಲ್ಲಿದ್ದವರಲ್ಲಿ ಅವರೇ ಹಿರಿಯರು. "ಇಗರ್ಜಿಗೆ ಒಯ್ಯಿರಿ, ತನ್ನಿ, ಒಂದೇ ಪಾತ್ರೆಗೆ ಹಾಕಿ."

"ಹೊಸತು ಅವರವರ ಮನೆಯಲ್ಲಿ, ಮನೆಯವರ ಕೈಯಿಂದ ಅಲ್ಲವಾ ಡಾಲಿ ಬಾಯಿ? ಊರಿನಲ್ಲಿ ಅಣ್ಣತಮ್ಮ ಪಾಲಾದರೆ ಪಾತ್ರೆಯೂ ಬೇರೆ ಆಗ್ತದೆ," ಎಂದರು ಫ್ರೆಡ್ಡಿ.

"ಊರಿನಲ್ಲಿ ಹಾಗೆ. ನನಗೆ ಜ್ವರ ಬಂದಾಗ ಆಸ್ಪತ್ರೆಗೆ ಹೊತ್ತುಕೊಂಡು ಹೋದದ್ದು ನೀನು. ಗಂಜಿ ತಂದದ್ದು ಗ್ರೆಟ್ಟಾ. ಆಗ ಮನೆ ಬೇರೆ ಅಂತ ಯಾರೂ ಹೇಳಲಿಲ್ಲ. ಇಲ್ಲಿಯೇ ಮಾಡಿ, ನಾನು ಕೊಡ್ತೇನೆ."

"ಫಾದರ್ ಎಂತ ಹೇಳ್ತಾರೋ."

"ಅವರನ್ನೂ ಊಟಕ್ಕೆ ಕರಿ."

ಮರುದಿನ ಇಗರ್ಜಿಯಲ್ಲಿ ಸಂಜೆಯ ಪೂಜೆ ಮುಗಿಸಿ ಎಲ್ಲರೂ ಫ್ರೆಡ್ಡಿಯವರ ಮನೆಗೇ ಬಂದರು. ಪ್ರತಿ ಮನೆಯವರೂ ಒಂದೊಂದು ತರಕಾರಿ ಮಾಡಿ ತಂದಿದ್ದರು. ಬೆಂಡೆ, ಹಾಗಲ, ಹರಿವೆ, ಕೆಸುವಿನ ದಂಟು. ಬೆಸ ಲೆಕ್ಕ ತಪ್ಪಿತೆಂದು ಕೊನೆಯಲ್ಲಿ ಒಬ್ಬರು ಸೌತೆ ಹೆಚ್ಚಿ ಇಟ್ಟರು. ಹೆಂಗಸರು ತಟ್ಟೆಯ ಸುತ್ತ ಕೂತು ಉಗುರಿನಿಂದ ಕಾಳು ಸುಲಿದರು, ಕಲ್ಲಿನಲ್ಲಿ ಅರೆದು ದೊಡ್ಡ ಪಾತ್ರೆಯ ತೆಂಗಿನ ಹಾಲಿಗೆ ಹಾಕಿದರು. ಸುಲಿಯುವಾಗ ಮಾತಿಗಿಂತ ನಗುವೇ ಹೆಚ್ಚು. ನಾನು ಮೂಲೆಯ ಕುರ್ಚಿಯಲ್ಲಿ ಕೂತಿದ್ದೆ. ಹೊಸತು ತಮ್ಮ ಧರ್ಮದ್ದು, ನನ್ನದಲ್ಲ ಎಂದು ತಿಳಿದ ಗ್ರೆಟ್ಟಾ ಬಾಯಿ ನನಗೆ ಬೇರೆಯೇ ಪಾಯಸ ತಂದಿಟ್ಟರು.

ಡಾಲಿ ಬಾಯಿ ಒಬ್ಬೊಬ್ಬರಿಗೇ ಸಣ್ಣ ಲೋಟದಲ್ಲಿ ಕೊಡುತ್ತಾ ಬಂದರು. ಪೊರ್ಬುಗಳು ಬಾಗಿಲ ಹತ್ತಿರ ನಿಂತಿದ್ದರು. ಎಲ್ಲರಿಗೂ ಆಗಲಿ, ಉಳಿದರೆ ನನಗೆ ಎಂದರು.

"ಬೆಳೆದವನು ಉಳಿದದ್ದನ್ನು ತಿನ್ನುವುದಾ? ಬಾ ಇಲ್ಲಿ ಲಿಗೋರಿ."

ಅವರು ಬಂದು ಎರಡು ಕೈಯಲ್ಲೂ ಹಿಡಿದು ಕುಡಿದರು. ಕುಡಿದವರು ನಡುವೆ ನಿಲ್ಲಿಸಿ, ಬಾಯಿಂದ ಏನೋ ತೆಗೆದು ಬೆರಳ ತುದಿಯಲ್ಲಿ ಹಿಡಿದು ನೋಡಿದರು.

"ಎಂತ, ಕಲ್ಲಾ?" ಎಂದರು ಫ್ರೆಡ್ಡಿ.

"ಅಲ್ಲ. ಭತ್ತದ ಉಮಿ."

ಫ್ರೆಡ್ಡಿ ಹತ್ತಿರ ಬಂದು ಅದನ್ನು ತಾವೂ ನೋಡಿದರು.

"ಹಾಗಾದರೆ ಒಳಗೆ ಗಾಳಿಯಲ್ಲ, ಅಕ್ಕಿಯೇ ಇತ್ತು ಅಂತಾಯ್ತು," ಎಂದು ಹೇಳಿ, ಪೊರ್ಬುಗಳಿಗೆ ಕೂರಲು ಕುರ್ಚಿ ಎಳೆದು ಕೊಟ್ಟರು.