ನೆರಳಿನ ಕೆಲಸ

ಮೇಸ್ತ್ರಿ ರಂಗಮ್ಮನ ಬಾಯಿಗೆ ಗಂಡಸರೂ ಹೆದರುತ್ತಿದ್ದರು. ಆದರೆ ಬಸುರಿ ಹೆಂಗಸು ಎದುರಿಗೆ ಬಂದರೆ ಅದೇ ಬಾಯಿ ಮೆತ್ತಗಾಗುತ್ತಿತ್ತು. ಅದಕ್ಕೆ ಕಾರಣವಿತ್ತು. ಹರೆಯದಲ್ಲಿ ಅವಳು ಆನಂದಪುರದ ಹತ್ತಿರ ರಸ್ತೆ ಕೆಲಸಕ್ಕೆ ಜಲ್ಲಿ ಹೊತ್ತವಳು. ತುಂಬಿದ ಬುಟ್ಟಿ ತಲೆಯ ಮೇಲಿರುವಾಗಲೇ ಎರಡನೆಯ ಬಸಿರು ಇಳಿದುಹೋಗಿತ್ತು. ಕೆಲಸ ಮಾಡಿಸುವವನು, "ಬುಟ್ಟಿ ಇಳಿಸಿಟ್ಟಾದ್ರೂ ಬೀಳಬಾರ್ದಾ?" ಅಂದಿದ್ದ. ಆ ಮಾತು ಅವಳ ಎದೆಯಲ್ಲಿ ಮುಳ್ಳಿನಂತೆ ಕೂತುಬಿಟ್ಟಿತ್ತು.

ಎಂಬತ್ತನೆಯ ಇಸವಿಯ ಸುಮಾರಿಗೆ ಗುತ್ತಿಗೆದಾರ ಮುಕುಂದಯ್ಯನವರು ಹೊಸನಗರದಿಂದ ಹುಂಚಕ್ಕೆ ಹೋಗುವ ದಾರಿಯಲ್ಲಿ ಸಸಿ ನರ್ಸರಿ ಹಾಕಿದರು. ಗುಡ್ಡಕ್ಕೆಲ್ಲ ನೀಲಗಿರಿ, ಅಕೇಶಿಯಾ ನೆಡುವ ಕಾಲ ಅದು. ಗಂಡ ಸತ್ತಿದ್ದ ರಂಗಮ್ಮ ಅಲ್ಲಿ ಹೆಂಗಸರ ಮೇಸ್ತ್ರಿಯಾದಳು. ಸೊಸೆ ವರದಾಳನ್ನೂ ಕೆಲಸಕ್ಕೆ ಹಚ್ಚಿದಳು.

ಬಸುರಿಯರು ಹಳ್ಳದಿಂದ ಕೊಡ ಹೊರಕೂಡದು, ಬಿಸಿಲಿಗೆ ನಿಲ್ಲಕೂಡದು. ಇದು ರಂಗಮ್ಮನ ಕಟ್ಟಳೆ. ಅವರಿಗೆ ಚಪ್ಪರದ ಕೆಳಗೆ ಕೂತು ಮಾಡುವ ಕೆಲಸ. ಜರಡಿ ಹಿಡಿದ ಮಣ್ಣಿಗೆ ಗೊಬ್ಬರವನ್ನೂ ಗೆದ್ದಲು ಕೊಲ್ಲುವ ಪುಡಿಯನ್ನೂ ಬೆರೆಸಿ ಸಣ್ಣ ಪ್ಲಾಸ್ಟಿಕ್ ಚೀಲಗಳಿಗೆ ತುಂಬುವುದು. ಎರಡು ಕೈಗೂ ಕೆಲಸವಾದ್ದರಿಂದ ಪುಡಿಯನ್ನು ಮಡಿಲಿಗೇ ಸುರಿದುಕೊಂಡು ಚಿಟಿಕೆ ಚಿಟಿಕೆಯಾಗಿ ಉದುರಿಸುತ್ತಿದ್ದರು. ಮೂಗು ಸುಡುವ ಘಾಟು. ಊಟದ ಹೊತ್ತಿಗೆ ಸೆರಗು ಕೊಡವಿಕೊಂಡರೆ ಮುಗಿಯಿತು. ಪುಡಿಯ ಮೂಟೆಯ ಮೇಲೆ ತಲೆಬುರುಡೆಯ ಚಿತ್ರವಿತ್ತು. ಓದು ಬಾರದವರಿಗೂ ತಿಳಿಯಲಿ ಅಂತ ಹಾಕಿದ ಚಿತ್ರ ಅದು. ಮುಕುಂದಯ್ಯನವರು ಅದರ ಮೇಲೊಂದು ಗೋಣಿ ಹೊದೆಸಿಟ್ಟಿದ್ದರು. ಥೂ, ಏನು ಮನುಷ್ಯರೋ!

"ರಂಗಕ್ಕ ಇರೋದ್ರಿಂದ ಬಸುರಿ ಹೆಂಗಸ್ರು ಬದುಕಿದ್ವು" ಅನ್ನುತ್ತಿದ್ದರು ಎಲ್ಲರೂ.

ಶೇಷಮ್ಮನಿಗೆ ಮಾತ್ರ ಆ ದಯೆ ದಕ್ಕಲಿಲ್ಲ. ಅವಳಿಗೂ ರಂಗಮ್ಮನಿಗೂ ಬೇಲಿಯ ಜಗಳ. ಅವಳು ಬಸುರಿಯಾದಾಗ ರಂಗಮ್ಮ ಕಂಡೂ ಕಾಣದವಳಂತೆ ಕೊಡವನ್ನೇ ಮುಂದೆ ತಳ್ಳಿದಳು. ದಿನ ತುಂಬುವವರೆಗೂ ಶೇಷಮ್ಮ ಬೈಯುತ್ತಲೇ ನೀರು ಹೊತ್ತಳು, ಗುಂಡುಕಲ್ಲಿನಂಥ ಗಂಡು ಹೆತ್ತಳು.

ಅತ್ತ ನೆರಳಿನಲ್ಲಿ ಕೂತ ವರದಾಳ ಚೊಚ್ಚಲು ಬಸಿರು ಇದಕ್ಕೂ ಮೊದಲೇ ಹೋಗಿತ್ತು. ದೃಷ್ಟಿ ಅಂದರು. ರಂಗಮ್ಮ ಚೌಡಿಗೆ ಕೋಳಿ ಕೊಟ್ಟಳು. ಎರಡನೆಯದೂ ಹೋಯಿತು. ಪಕ್ಕದಲ್ಲಿ ಕೂರುತ್ತಿದ್ದ ಪುಷ್ಪಮ್ಮನದೂ ಹಾಗೇ ಆಯಿತು. ವರದಾ ಮೂರನೆಯ ಸಲ ಬಸುರಿಯಾದಾಗ ರಂಗಮ್ಮ ಅವಳನ್ನು ಇನ್ನೂ ಜೋಪಾನ ಮಾಡಿದಳು. ಚಪ್ಪರದ ತಂಪು ಮೂಲೆಯಲ್ಲಿ ಕೂರಿಸಿದಳು. ಬೆನ್ನಿಗೆ ಒರಗಲು ಪುಡಿಯ ಮೂಟೆಯನ್ನೇ ಸರಿಸಿಕೊಟ್ಟಳು.

ಬಾಣಂತನ ಮುಗಿಸಿ ಶೇಷಮ್ಮ ಕೆಲಸಕ್ಕೆ ಬಂದಳು. ಬೆನ್ನಿನ ಜೋಲಿಯಲ್ಲಿದ್ದ ಮಗುವನ್ನು ನೋಡಿ ರಂಗಮ್ಮನ ಮನಸ್ಸು ಕರಗಿತು.

"ಹಸಿ ಮೈ ನಿಂದು. ನೀರು ಹೊರಬೇಡ, ಚಪ್ಪರಕ್ಕೆ ಹೋಗು."

"ನಿನ್ನ ನೆರಳು ನಂಗೆ ಬೇಡ ಮಾರಾಯ್ತಿ" ಅಂದಳು ಶೇಷಮ್ಮ. "ಅಲ್ಲಿ ಕೂತೋರಲ್ಲಿ ಯಾರು ಹೆತ್ತಿದಾರೆ ಹೇಳು ನೋಡಾನ. ನಿನ್ನ ಸೊಸೆನಾ? ಪುಷ್ಪಮ್ಮನಾ? ಗೆದ್ಲು ಸಾಯೋ ಪುಡಿನ ಹೊಟ್ಟೆಗೆ ಅವುಚ್ಕಂಡು ಕೂರ್ತಾವೆ, ಪಾಪದವು. ನನ್ ಮೇಲೆ ನೀನು ಹಗೆ ಸಾಧಿಸ್ದೆ, ನಾ ಬಚಾವಾದೆ!"

ಹೊಡೆಯಲು ಎತ್ತಿದ ರಂಗಮ್ಮನ ಕೈ ಅಲ್ಲೇ ನಿಂತಿತು. ಅವಳು ಚಪ್ಪರದ ಕಡೆ ತಿರುಗಿ ನೋಡಿದಳು. ವರದಾ ಮೂಟೆಗೆ ಒರಗಿದ್ದಳು. ಏಳು ತಿಂಗಳ ಹೊಟ್ಟೆಯ ಕೆಳಗೆ, ಮಡಿಲ ತುಂಬ ಬೆಳ್ಳನೆಯ ಪುಡಿ.

ಓಡಿಹೋಗಿ ಸೊಸೆಯ ರಟ್ಟೆ ಹಿಡಿದು ಎಬ್ಬಿಸಿದಳು. ಹಳ್ಳಕ್ಕೆ ಎಳೆದೊಯ್ದು ಮೈ ತಿಕ್ಕಿ ತಿಕ್ಕಿ ತೊಳೆದಳು. "ಅತ್ತೆ, ಉರೀತದೆ, ಬಿಡಿ" ಅಂದರೂ ಬಿಡಲಿಲ್ಲ. ಅಲ್ಲಿಂದ ನೇರ ಮುಕುಂದಯ್ಯನವರ ಎದುರು ನಿಂತಳು.

"ಗೌಡ್ರೆ, ಆ ಪುಡಿ ಮುಟ್ಟೋಕೆ ಕೈಗೆ ಹಾಕೋ ಚೀಲ ತರ್ಸಿ. ಇಲ್ಲಾಂದ್ರೆ ಪುಡೀನೇ ಬೇಡ."

"ಅದು ಗೆದ್ದಲಿಗೆ ಕಣೆ. ಮನುಷ್ಯರಿಗೆ ಎಂತ ಆಗ್ತದೆ? ನಾನೂ ಮುಟ್ಟಿಲ್ವಾ?"

"ನೀವು ಬಸುರಿ ಆದಾಗ ಹೇಳಿ ಗೌಡ್ರೆ, ನೋಡಾನ."

ಹೆಂಗಸರು ಸೆರಗು ಬಾಯಿಗೆ ಒತ್ತಿಕೊಂಡು ನಕ್ಕರು. ಮುಕುಂದಯ್ಯನವರು ನಗಲಿಲ್ಲ. "ಬೇಡದೋರು ಮನೇಲಿರ್ಲಿ. ಕೆಲಸಕ್ಕೆ ಬರೋ ಜನ ಬೇಕಾದಷ್ಟಿದೆ" ಅಂದರು.

ಮಾರನೆಯ ದಿನ ಚಪ್ಪರದ ಕೆಳಗೆ ರಂಗಮ್ಮನೇ ಕೂತಳು. ಮೂಗಿಗೆ ಬಟ್ಟೆ ಕಟ್ಟಿಕೊಂಡು, ಪುಡಿಯನ್ನು ತಗಡಿನ ಡಬ್ಬಿಗೆ ಹಾಕಿ, ಕಟ್ಟಿಗೆಯಲ್ಲಿ ಕಲಸಿದಳು. ಹೊಸ ಕಟ್ಟಳೆ ಕೂಗಿ ಹೇಳಿದಳು: "ಹೆರೋದು ಮುಗಿದೋರು ಮಾತ್ರ ಇದನ್ನ ಮುಟ್ಟೋದು. ಬಾಕಿಯೋರು ಈ ಕಡೆ ತಲೆ ಹಾಕಿದ್ರೆ ಕಾಲು ಮುರೀತೀನಿ!" ಬಸುರಿಯರನ್ನು ದೂರದ ಮಡಿಗಳಲ್ಲಿ ಬೀಜ ಊರಲು ಕಳಿಸಿದಳು. ವರದಾಳನ್ನು ಮನೆಯಲ್ಲಿ ಕೂರಿಸಿದಳು.

ತಡವಾಗಿತ್ತು. ದಿನ ತುಂಬುವ ಮೊದಲೇ ವರದಾಳಿಗೆ ನೋವು ಬಂತು. ಉಸಿರಿಲ್ಲದ ಹೆಣ್ಣು ಕೂಸು. ರಕ್ತ ನಿಲ್ಲಲಿಲ್ಲ. ಬಾಡಿಗೆ ಜೀಪಿನಲ್ಲಿ ದೊಡ್ಡಾಸ್ಪತ್ರೆಗೆ ಒಯ್ದರು. ಅವಳ ಜೀವ ಉಳಿಸಲು ಗರ್ಭಕೋಶ ತೆಗೆಯಬೇಕಾಯಿತು. ಇತ್ತ ವರದಾಳ ಗಂಡ ಜಟ್ಟಪ್ಪ ಬಟ್ಟೆಯಲ್ಲಿ ಸುತ್ತಿದ ಕೂಸನ್ನು ಹೂಳಲು ಗುಡ್ಡಕ್ಕೆ ಒಯ್ದ.

"ಒರಗೋಕೆ ನಾನೇ ಕೊಟ್ಟೆ" ಅಂತ ರಂಗಮ್ಮ ಒಲೆಯ ಮುಂದೆ ಕೂತು ಗೊಣಗುತ್ತಿದ್ದಳು.

ಮರುವರ್ಷದ ಬೇಸಗೆ. ಪುಷ್ಪಮ್ಮ ತುಂಬಿದ ಬಸುರಿ, ದೂರದ ಮಡಿಯಲ್ಲಿ ಬೀಜ ಊರುತ್ತ ಯಾರಿಗೋ ತಮಾಷೆ ಮಾಡುತ್ತಿದ್ದಳು. ರಂಗಮ್ಮ ಕೆಮ್ಮುತ್ತ ಚಪ್ಪರದ ಕೆಳಗೆ ಮಣ್ಣು ಕಲಸುತ್ತಿದ್ದಳು. ಅಷ್ಟು ದಿನ ಮನೆ ಬಿಟ್ಟು ಬಾರದ ವರದಾ ಅವತ್ತು ಬಂದಳು.

"ಆ ಕಡೆ ಹೋಗು, ಬೀಜದ ಮಡಿಗೆ."

"ಜರುಗಿ ಅತ್ತೆ."

"ಇದು ಹೆರೋದು ಮುಗಿದೋರ ಜಾಗ ಕಣೆ."

"ಗೊತ್ತು."

ವರದಾ ಕೂತಳು. ಅವಳಿಗೆ ಇನ್ನೂ ಇಪ್ಪತ್ತೈದು ತುಂಬಿರಲಿಲ್ಲ. ಮೂಗಿಗೆ ಬಟ್ಟೆ ಕಟ್ಟಿಕೊಂಡು ಜರಡಿಗೆ ಕೈ ಹಾಕಿದಳು.

ರಂಗಮ್ಮ ಜರುಗಿ ಜಾಗ ಬಿಟ್ಟಳು. ಆಮೇಲೆ ಪುಡಿಯ ಮೂಟೆಯನ್ನು ಎರಡೂ ಕೈಯಿಂದ ಹಿಡಿದು, ಸೊಸೆಗೆ ಆದಷ್ಟು ದೂರವಾಗುವಂತೆ, ತನ್ನ ಆಚೆ ಪಕ್ಕಕ್ಕೆ ಎಳೆದುಕೊಂಡಳು.