ಡೆಲ್ಫೀನ್ ಅತ್ತೆ ಬಂಡೆ ದಾಟಿಸಿದ ಮೀನುಗಳು

ಡೆಲ್ಫೀನ್ ಅತ್ತೆ ಹುಟ್ಟಿದ್ದು ಮೀನನ್ನು ಹೊಗೆಗೆ ಒಣಹಾಕುವ ಚಪ್ಪರದ ಕೆಳಗೆ. ಅಜ್ಜಿಗೆ ಹೆರಿಗೆ ನೋವು ಬಂದಾಗ ಹೊಳೆ ತುಂಬ ಮೀನು ಬಂದಿತ್ತಂತೆ. ಕೈಯಲ್ಲಿದ್ದ ಮೀನನ್ನು ಸೀಳಿ ಮುಗಿಸಿ, ಕೈ ತೊಳೆದುಕೊಂಡ ಮೇಲೆಯೇ ಅವಳು ಮಲಗಿದಳಂತೆ. "ಅದಕ್ಕೇ ನನ್ನ ಮೈಗೆ ಇವತ್ತಿಗೂ ಹೊಗೆ ವಾಸನೆ" ಎಂದು ಅತ್ತೆ ಹೆಮ್ಮೆಯಿಂದ ಹೇಳಿಕೊಳ್ಳುತ್ತಾಳೆ. ನನ್ನ ಅಪ್ಪ ಆಂಬ್ರೋಸ್ ಅವಳ ತಮ್ಮ. "ಹೊಗೆ ಅಲ್ಲ ಅಕ್ಕ, ಮೀನಿನ ಕರುಳಿನ ವಾಸನೆ" ಎಂದು ಅವನು ರೇಗಿಸಿದರೆ ಕೈಗೆ ಸಿಕ್ಕಿದ್ದನ್ನು ಅವನತ್ತ ಎಸೆಯುತ್ತಾಳೆ.

ನಾವು ಶೆಕ್ವೆಪೆಮ್ ಜನ, ಈ ಬೆಟ್ಟಗಳ ಮೂಲನಿವಾಸಿಗಳು. ವ್ಯಾಂಕೂವರಿನ ಹತ್ತಿರ ಸಮುದ್ರ ಸೇರುವ ಫ್ರೇಜರ್ ನದಿಗೆ ಮೇಲಿನ ಬೆಟ್ಟಗಳಿಂದ ಇಳಿದು ಬರುವ ಹೊಳೆಗಳಲ್ಲಿ ನಮ್ಮದೂ ಒಂದು. ಹೊರಗಿನವರು ಸಾಕೈ ಸಾಲ್ಮನ್ ಎನ್ನುವ ಮೀನಿಗೆ ನಮ್ಮ ಭಾಷೆಯಲ್ಲಿರುವ ಹೆಸರಿನ ಅರ್ಥವೇ 'ನಿಜವಾದ ಮೀನು'. ತೆಂಕಣ ಕೊಲಂಬಿಯಾ ನದಿಯಿಂದ ಅಲಾಸ್ಕದವರೆಗೆ, ಸಮುದ್ರದಾಚೆ ರಷ್ಯದ ಕಮ್ಚಾಟ್ಕದಲ್ಲೂ ಅದರ ಬಳಗವಿದೆ ಎಂದು ನಾನು ಶಾಲೆಯಲ್ಲಿ ಕಲಿತು ಬಂದು ಹೇಳಿದಾಗ ಅತ್ತೆ ಮೂಗು ಮುರಿದಿದ್ದಳು. "ಇರ್ಲಿ ಬಿಡೆ, ಅವು ಅವರ ಮೀನು. ನಮ್ಮ ಮೀನು ಸಮುದ್ರವೆಲ್ಲ ಸುತ್ತಿದ್ರೂ ಬಸುರಾದ್ಮೇಲೆ ತವರಿಗೇ ಬರೋದು."

ಅವಳ ಗಂಡ ಮರ ಕಡಿಯುವವನಾಗಿದ್ದ. ಉರುಳಿದ ಮರದಡಿ ಸಿಕ್ಕಿ ಸತ್ತ. ಅತ್ತೆ ಅದೇ ಮರ ಕಡಿಯುವವರ ಬಿಡಾರದಲ್ಲಿ ಅಡುಗೆಗೆ ಸೇರಿ ಇಬ್ಬರು ಗಂಡುಮಕ್ಕಳನ್ನು ಸಾಕಿದಳು. ಆದರೆ ಪ್ರತಿ ಆಗಸ್ಟಿನಲ್ಲಿ ಮೀನು ಬಂದಿದೆ ಎಂದು ಕಿವಿಗೆ ಬಿದ್ದರೆ ಸಾಕು, ಸೌಟು ಕೆಳಗಿಟ್ಟು ಹೊರಟುಬಿಡುವಳು. "ಹೋದ್ರೆ ಮತ್ತೆ ಬರಬೇಡ" ಎಂದು ಮೇಸ್ತ್ರಿ ಕೂಗಾಡುತ್ತಿದ್ದ. ಚಳಿ ಶುರುವಾಗುವ ಹೊತ್ತಿಗೆ ಅವಳ ಸಾರಿಲ್ಲದೆ ಕಂಗೆಟ್ಟ ಗಂಡಸರೇ ಬಂದು ಕರೆದುಕೊಂಡು ಹೋಗುತ್ತಿದ್ದರು.

ಅವಳಿಗೆ ಅರವತ್ತು ದಾಟಿದ ವಸಂತದಲ್ಲಿ ಊರಿನ ಕೆಳಗಿನ ಇಕ್ಕಟ್ಟು ಕಣಿವೆಯಲ್ಲಿ ಬೆಟ್ಟದ ಒಂದು ಪಕ್ಕೆ ಕಳಚಿ ಹೊಳೆಗೆ ಬಿತ್ತು. ಮನೆಯಷ್ಟು ದೊಡ್ಡ ಬಂಡೆಗಳು. ನೀರೇನೋ ಸಂದಿಯಲ್ಲಿ ದಾರಿ ಮಾಡಿಕೊಂಡು ಮೇಲಿಂದ ಧುಮುಕತೊಡಗಿತು, ಆದರೆ ಆ ಎತ್ತರಕ್ಕೆ ಯಾವ ಮೀನೂ ನೆಗೆಯುವಂತಿರಲಿಲ್ಲ. ಮೀನುಗಾರಿಕೆ ಇಲಾಖೆಯವರು ಬಂದು ನೋಡಿದರು. ನೀರಿಳಿಯದೆ ಬಂಡೆ ಒಡೆಯಲು ಇಳಿದರೆ ಆಳುಗಳ ಜೀವಕ್ಕೇ ಅಪಾಯ, ಚಳಿಗಾಲದವರೆಗೆ ಕಾಯಬೇಕು ಎಂದರು. ಅವರು ಹೇಳಿದ್ದು ಸರಿಯೇ ಇತ್ತು. ಆದರೆ ಮೀನಿಗೆ ಅದನ್ನು ಹೇಳುವವರು ಯಾರು? ಆಗಸ್ಟಿನಲ್ಲಿ ಅವು ಬಂದವು. ಬಂಡೆಯ ಕೆಳಗಿನ ಮಡುವಿನಲ್ಲಿ ಒತ್ತೊತ್ತಾಗಿ ನಿಂತು, ಹಾರಿ, ಕಲ್ಲಿಗೆ ಮೂತಿ ಬಡಿದುಕೊಂಡು ಮತ್ತೆ ಬೀಳುತ್ತಿದ್ದವು.

ಊರಿನವರೆಲ್ಲ ಸಭೆ ಸೇರಿದರು. ಮೊದಲು ಎದ್ದವನು ನನ್ನ ಅಪ್ಪ.

"ಮಡುವಲ್ಲಿ ಬಲೆ ಅದ್ದಿದ್ರೆ ಸಾಕು, ತುಂಬುತ್ತೆ. ಹೇಗೂ ಸಾಯೋ ಮೀನು. ಕೊಳೆತು ಹೋಗೋ ಬದಲು ಮಕ್ಕಳ ಹೊಟ್ಟೆಗಾದ್ರೂ ಸೇರ್ಲಿ."

ಅವನ ಮಾತಿಗೆ ಹಲವರು ತಲೆಯಾಡಿಸಿದರು. ಅತ್ತೆ ಕೂತಲ್ಲಿಂದಲೇ ಕೇಳಿದಳು: "ಈ ವರ್ಷ ತಿಂತೀಯ. ಇವು ಮೇಲೆ ಹೋಗಿ ಮೊಟ್ಟೆ ಇಡ್ದೆ ಇದ್ರೆ ನಾಲ್ಕು ವರ್ಷ ಆದ್ಮೇಲೆ ಏನೋ ತಿಂತೀಯ? ಬಂಡೆ ತಿಂತೀಯಾ?"

"ಮತ್ತೇನು ಮಾಡ್ಬೇಕು ಅಂತೀಯ ಅಕ್ಕ?"

"ಈ ವರ್ಷ ಯಾರೂ ಒಂದು ಮೀನೂ ತಿನ್ನೋದು ಬೇಡ. ಹೊತ್ಕೊಂಡು ಹೋಗಿ ಬಂಡೆಯಾಚೆ ಬಿಡೋಣ."

ಸಭೆ ಗೊಳ್ಳೆಂದು ನಕ್ಕಿತು. "ನೀನು ಹೊರ್ತೀಯಾ? ನಿನ್ನ ಮಂಡಿ ನಿನ್ನನ್ನೇ ಹೊರಲ್ಲವಲ್ಲ!" ಎಂದ ಅಪ್ಪ.

"ನನ್ನ ಮಂಡಿ ನಿನ್ನನ್ನೂ ಹೊತ್ತು ಬೆಳೆಸಿದೆ ಕಣೋ" ಎಂದಳು ಅತ್ತೆ. ಸಭೆ ಏನೂ ತೀರ್ಮಾನವಾಗದೆ ಮುರಿಯಿತು.

ಮರುದಿನ ಬೆಳಿಗ್ಗೆ ಅವಳು ನನ್ನನ್ನು ಎಬ್ಬಿಸಿಕೊಂಡು ಹೋದಳು. ಹಳೆಯ ಟಾರ್ಪಾಲನ್ನು ಕತ್ತರಿಸಿ, ಎರಡು ಕೋಲುಗಳಿಗೆ ಹೊಲಿದು ತೊಟ್ಟಿಲಿನಂತೆ ಮಾಡಿಟ್ಟಿದ್ದಳು. ಅದರಲ್ಲಿ ನೀರು ತುಂಬಿ, ಬಲೆಯಿಂದ ಎತ್ತಿದ ಮೀನನ್ನು ಬಿಟ್ಟು, ನಾವಿಬ್ಬರೂ ಆ ಕಡೆ ಈ ಕಡೆ ಹಿಡಿದು ಬಂಡೆಗಳ ಮೇಲೆ ಹತ್ತಿದೆವು. ಆಗಲೇ ಮೀನುಗಳ ಬೆಳ್ಳಿಯ ಬಣ್ಣ ಹೋಗಿ ಮೈ ಕೆಂಪೇರಿತ್ತು, ತಲೆ ಹಸಿರಾಗಿತ್ತು. ಗಂಡುಗಳಿಗೆ ಬೆನ್ನು ಗೂನಾಗಿ ಮೂತಿ ಕೊಕ್ಕೆಯಾಗಿತ್ತು. ಹೊಳೆ ಹತ್ತಲು ಶುರು ಮಾಡಿದ ಮೇಲೆ ಅವು ಏನನ್ನೂ ತಿನ್ನುವುದಿಲ್ಲ, ಮೈಯ ಕೊಬ್ಬನ್ನೇ ಉರಿಸಿಕೊಂಡು ಬರುತ್ತವೆ. ಅಷ್ಟಾದರೂ ಬಾಲ ಬೀಸಿ ಹೊಡೆದರೆ ಕೈ ಮರಗಟ್ಟುತ್ತಿತ್ತು. ನಾನು ಎರಡು ಸಲ ಜಾರಿ ಬಿದ್ದೆ. ಅತ್ತೆ ಬೀಳಲಿಲ್ಲ. ಮೇಲಿನ ನೀರಿಗೆ ಬಿಟ್ಟ ಮೊದಲ ಮೀನು ಕ್ಷಣ ಹೊತ್ತು ಅಲ್ಲೇ ನಿಂತು, ಬಾಣದಂತೆ ಹೊಳೆಯ ಮೇಲ್ತುದಿಯ ಸರೋವರದ ದಿಕ್ಕಿಗೆ ಹೋಯಿತು.

"ನೋಡಿದ್ಯಾ? ದಾರಿ ಕೇಳ್ಲಿಲ್ಲ" ಎಂದಳು ಅತ್ತೆ. ಅವಳ ಮುಖವನ್ನು ಆಗ ನೋಡಬೇಕಿತ್ತು.

ಅಪ್ಪ ಬಂದದ್ದು ಮೂರನೆಯ ದಿನ, ಹೆಗಲ ಮೇಲೆ ಬಲೆ ಹೊತ್ತು. ಸಭೆಯ ಮಾತಿನಿಂದ ಇನ್ನೂ ಬಿಗಿದುಕೊಂಡೇ ಇದ್ದ. ಅತ್ತೆ ಅಡ್ಡ ನಿಲ್ಲಲಿಲ್ಲ, ಬೈಯಲೂ ಇಲ್ಲ. ಒಂದು ಹೆಣ್ಣು ಮೀನನ್ನು ಎತ್ತಿ ಅವನ ಕೈಗೇ ಕೊಟ್ಟಳು. "ಹಿಡಿ. ಹೊಟ್ಟೆ ಮುಟ್ಟಿ ನೋಡು. ಆಮೇಲೂ ಮನಸ್ಸಾದ್ರೆ ಕೊಲ್ಲು." ಅವನ ಹೆಬ್ಬೆರಳಡಿ ಮೊಟ್ಟೆಗಳು ಕಾಳಿನ ಚೀಲದಂತೆ ಸರಿದಾಡಿರಬೇಕು. ಅಪ್ಪ ಅದನ್ನು ಮಡುವಿಗೆ ಬಿಟ್ಟು, ಬಲೆ ಮಡಚಿಕೊಂಡು ಹೋದ.

ಮಧ್ಯಾಹ್ನ ಅವನ ಪಿಕಪ್ ಗಾಡಿ ಬಂತು. ಹಿಂದೆ ನೀರು ತುಂಬುವ ಡ್ರಮ್ಮುಗಳು, ಅವುಗಳ ಮಧ್ಯೆ ಕುಳಿತ ಐದಾರು ಜನ. "ನೀನು ಬಿದ್ದು ಮಂಡಿ ಮುರ್ಕೊಂಡ್ರೆ ಆಸ್ಪತ್ರೆಗೆ ಓಡೋನು ನಾನೇ ತಾನೇ" ಎಂದು ಗೊಣಗಿದ. ಅತ್ತೆ ಅವನಿಗೆ ತೊಟ್ಟಿಲಿನ ಭಾರದ ತುದಿಯನ್ನೇ ಕೊಟ್ಟಳು.

ಆಮೇಲೆ ಇಡೀ ಊರು ಬಂತು. ಇಲಾಖೆಯವರೂ ಬಂದು, ಬಂಡೆಗಳ ನಡುವೆ ಹಗ್ಗ ಕಟ್ಟಿ, ಹಲಗೆ ಹಾಸಿ, ನಮ್ಮ ಜೊತೆಯೇ ಹೊತ್ತರು. ಬಹಳಷ್ಟು ಮೀನುಗಳು ಮಡುವಿನಲ್ಲೇ ಸತ್ತವು. ದಾಟಿದವು ಮೇಲೆ ಹೋಗಿ, ಬಾಲದಿಂದ ಸಣ್ಣ ಕಲ್ಲುಗಳನ್ನು ಕೆದರಿ ಗುಳಿ ಮಾಡಿ, ಮೊಟ್ಟೆಯಿಟ್ಟು, ಅಲ್ಲೇ ಸತ್ತವು. ಅವುಗಳ ಮೈಯನ್ನು ಕರಡಿ ತಿಂದಿತು, ಹದ್ದು ತಿಂದಿತು, ಉಳಿದದ್ದನ್ನು ದಡದ ದೇವದಾರುಗಳು ತಿಂದವು. ನೀರಿಳಿದ ಮೇಲೆ ಇಲಾಖೆಯವರು ಬಂಡೆ ಒಡೆದು ದಾರಿ ಬಿಡಿಸಿದರು.

ಆ ಚಳಿಗಾಲ ಮೀನಿಗೆ ಹೊಗೆ ಹಾಕುವ ನಮ್ಮ ಹೊಗೆಮನೆಗಳು ಖಾಲಿ ನಿಂತಿದ್ದವು. ಜಿಂಕೆ ಮಾಂಸ, ಆಲೂಗಡ್ಡೆ, ಅಂಗಡಿಯ ಡಬ್ಬಿ ಊಟ. ಅದು ಸುದ್ದಿಯಾಗಿ, ಕೆಳಹೊಳೆಯ ನಂಟರು ಒಣಮೀನಿನ ಮೂಟೆಗಳನ್ನು ಕಳಿಸಿದರು. ಅತ್ತೆ ಮನೆಮನೆಗೆ ಹಂಚಿ, ತನಗೆ ಬಾಲದ ತುಂಡುಗಳನ್ನು ಇಟ್ಟುಕೊಂಡಳು. ಊರಿನಲ್ಲಿ ಯಾರೂ ಅವಳನ್ನು ಶಪಿಸಲಿಲ್ಲ ಎಂದರೆ ಸುಳ್ಳಾಗುತ್ತದೆ. ಅವಳು ಕೇಳಿಸಿಕೊಂಡೂ ಕೇಳದಂತೆ ಇದ್ದಳು.

ಕಲ್ಲಿನಡಿಯ ಮೊಟ್ಟೆಗಳು ಮಂಜುಗಡ್ಡೆಯ ಕೆಳಗೆ ಒಡೆದು, ವಸಂತದಲ್ಲಿ ಬೆರಳಿನ ಉಗುರಿನಷ್ಟು ಮರಿಗಳು ಸರೋವರ ಸೇರಿದವು. ಅಲ್ಲಿ ಒಂದು ವರ್ಷ ಬೆಳೆದು ಸಮುದ್ರಕ್ಕೆ ಇಳಿದವು. ನಾಲ್ಕನೆಯ ವರ್ಷದ ಆಗಸ್ಟಿನಲ್ಲಿ ಅತ್ತೆ ಕಣಿವೆಯ ಬಾಯಿಗೆ ಕುರ್ಚಿ ಹಾಕಿಸಿಕೊಂಡು ಕೂತಳು. ಮೀನು ಬಂತು. ಹೊಳೆ ತುಂಬುವಷ್ಟಲ್ಲ, ಆದರೆ ಬಂತು. ನಡುವಿನ ಮೂರು ಬೇಸಿಗೆಗಳಲ್ಲಿ ಬೇರೆ ವರ್ಷಗಳಲ್ಲಿ ಹುಟ್ಟಿದ ಸಾಲುಗಳ ಮೀನು ಒಂದಿಷ್ಟು ತಿಂದಿದ್ದೆವು. ಈ ಸಾಲನ್ನು ಇನ್ನೊಂದು ಸಲ ಹಿಡಿಯದೆ ಬಿಡಬೇಕು ಎಂದಳು ಅತ್ತೆ. ಈ ಸಲ ಸಭೆಯಲ್ಲಿ ಯಾರೂ ನಗಲಿಲ್ಲ. ಹೊರಗಿನ ಕೆಲವರು ಕದ್ದು ಹಿಡಿಯಲು ಬಂದಾಗ, ದಡದಲ್ಲಿ ಗುಡಾರ ಹಾಕಿ ಕಾಯುತ್ತಿದ್ದವನು ನನ್ನ ಅಪ್ಪ.

"ನಿಮ್ಮ ಮೀನಾ ಇವು?" ಎಂದು ಒಬ್ಬ ಜಗಳಕ್ಕೆ ನಿಂತ.

"ನನ್ನದಲ್ಲಪ್ಪ, ನಮ್ಮ ಅಕ್ಕಂದು. ಅವಳ ಹತ್ರ ಹೋಗಿ ಕೇಳು, ಧೈರ್ಯ ಇದ್ರೆ" ಎಂದ ಅಪ್ಪ. ಜಗಳಕ್ಕೆ ನಿಂತವನು ಅತ್ತೆ ಕುಳಿತಿದ್ದ ಕಡೆ ಒಮ್ಮೆ ನೋಡಿ, ಗಾಡಿ ತಿರುಗಿಸಿಕೊಂಡು ಹೋದ.

ಮತ್ತೆ ನಾಲ್ಕು ವರ್ಷಕ್ಕೆ ಹೊಳೆ ಕೆಂಪಾಯಿತು. ಕಣಿವೆಯಿಂದ ಸರೋವರದವರೆಗೂ ಅವುಗಳ ಬೆನ್ನೇ ಬೆನ್ನು. ಬಲೆ ಇಳಿಸಿದೆವು. ಮೊದಲ ಮೀನನ್ನು ಎಲ್ಲರೂ ಹಂಚಿಕೊಂಡು ತಿಂದು, ಮೂಳೆಗಳನ್ನು ನೀರಿಗೆ ಮರಳಿಸಿದೆವು. ತಲೆ ಹಿರಿಯರ ಪಾಲು. ಅದನ್ನು ಅಪ್ಪನೇ ಬೇಯಿಸಿ, ತಟ್ಟೆಯಲ್ಲಿಟ್ಟು ಅಕ್ಕನ ಮುಂದೆ ಹಿಡಿದ.

ಎಪ್ಪತ್ತರ ಹತ್ತಿರ ಬಂದಿದ್ದ ಅತ್ತೆ ಆ ದಿನ ಹೊಸ ಸ್ಕಾರ್ಫ್ ಕಟ್ಟಿಕೊಂಡಿದ್ದಳು. ತಲೆಯ ಕೆನ್ನೆಯ ಮಾಂಸವನ್ನು ನಿಧಾನವಾಗಿ ಚೀಪಿ ಮುಗಿಸಿ, ಚೂರಿ ಕೈಗೆತ್ತಿಕೊಂಡು ಸಂಜೆಯವರೆಗೆ ಮೀನು ಸೀಳಿದಳು. ದಡದಲ್ಲಿ ನಿಂತು ನೋಡುತ್ತಿದ್ದ ಗುರುತಿಲ್ಲದ ಜನರನ್ನೆಲ್ಲ ತಾನೇ ಕೂಗಿ ಕರೆದು, ಚೂರಿಯ ತುದಿಯಿಂದ ಹೊಳೆ ತೋರಿಸಿ ಹೇಳುತ್ತಿದ್ದಳು:

"ಬನ್ನಿ, ಹತ್ರ ಬಂದು ನೋಡಿ. ನಾನು ಹೊತ್ತ ಮೀನಿನ ಮೊಮ್ಮಕ್ಕಳು ಇವು."