ಹಗಲು ಹೇಳಿದ ಕತೆ

ಬಂಡೂರಿನ ಅಜ್ಜಿಯ ಮನೆಯ ಅಟ್ಟದಲ್ಲಿ ಒಂದು ತಾಳೆಗರಿಯ ಕಟ್ಟಿದೆ. ಆಯುಧಪೂಜೆಯ ದಿನ ಕುಡುಗೋಲು, ಮಚ್ಚಿನ ಜೊತೆ ಅದಕ್ಕೂ ಅರಿಶಿನ ಕುಂಕುಮ ಇಟ್ಟು, ಕೆಂಪು ಬಟ್ಟೆ ಸುತ್ತಿ ಮತ್ತೆ ಮೇಲಕ್ಕೇರಿಸುತ್ತಾರೆ. ಕತೆಯನ್ನು ಹೇಗೆ ಹೇಳಬೇಕು, ಹೇಗೆ ಕೇಳಬೇಕು ಎಂದು ಬರೆದಿರುವ ಪುರಾತನ ಪುಸ್ತಕ ಅದು ಎನ್ನುತ್ತಾಳೆ ಅಜ್ಜಿ. ಅದನ್ನು ಓದಬಲ್ಲವರು ಮನೆಯಲ್ಲಿ ಯಾರೂ ಇಲ್ಲ, ಕಟ್ಟಳೆಗಳು ಮಾತ್ರ ಮನೆಮಂದಿಯ ಬಾಯಲ್ಲಿವೆ. ಕೇಳುವವರು ಹೂಂಗುಟ್ಟಬೇಕು, ಇಲ್ಲದಿದ್ದರೆ ಕೇಳಬಾರದವರು ಬಂದು ಕೂರುತ್ತಾರೆ. ಶುರು ಮಾಡಿದ ಕತೆಯನ್ನು ಅರ್ಧಕ್ಕೆ ಬಿಡಬಾರದು. ಹಗಲು ಹೊತ್ತಂತೂ ಹೇಳಲೇಬಾರದು. ಹೇಳಿದರೆ, ಕೇಳಿದ ಮಗುವಿನ ಸೋದರಮಾವ ದಾರಿ ತಪ್ಪುತ್ತಾನೆ.

ನಾನು ಭಾರತೀನಗರದಲ್ಲಿ ಮಕ್ಕಳಿಗೆ ವಿಜ್ಞಾನ ಹೇಳಿಕೊಡುವವಳು. ಇದಕ್ಕೆಲ್ಲ ನಗುತ್ತಿದ್ದೆ. ಹೋದ ವರ್ಷ ಕಬ್ಬು ಕಡಿಯುವ ಕಾಲದಲ್ಲಿ ನನ್ನ ತಮ್ಮ ಆ ಕಟ್ಟನ್ನು ಹೆಗಲಿಗೇರಿಸಿಕೊಂಡು, ಹಳೆಯ ಲಿಪಿ ಬಲ್ಲ ಮೇಷ್ಟರೊಬ್ಬರಿಂದ ಓದಿಸಲು ಬೈಕಿನಲ್ಲಿ ಮಂಡ್ಯಕ್ಕೆ ಹೋದ. ಮಧ್ಯಾಹ್ನ ಫೋನ್ ಮಾಡಿ, "ಓದ್ಸಾಯ್ತು ಕಣಕ್ಕ, ಬತ್ತಾ ಇವ್ನಿ. ಮುದ್ದೆ ಮಾಡಿ ಮಡುಗಿರು" ಅಂದ.

ಅವತ್ತು ನನ್ನ ಮಗಳಿಗೆ ಜ್ವರ. ಕತೆ ಹೇಳಿದರಷ್ಟೇ ಔಷಧಿ ಕುಡಿಯುವುದು ಎಂದು ಹಟ ಹಿಡಿದಳು. ಹೊರಗೆ ಸುಡುವ ಬಿಸಿಲು. ತಪ್ಪಿಸಿಕೊಂಡ ಕುರಿಯನ್ನು ಹುಡುಕುತ್ತಾ ಕಾಡಿಗೆ ಹೋದ ಒಬ್ಬ ಅಣ್ಣನ ಕತೆ ಶುರು ಮಾಡಿದೆ. ಅಣ್ಣ ನಟ್ಟನಡು ಕಾಡಿನಲ್ಲಿದ್ದಾಗ ಪಕ್ಕದ ಮನೆಯಾಕೆ ಬಾಗಿಲಿಗೆ ಬಂದಳು.

"ಮಂಡ್ಯ ರಸ್ತೇಲಿ ಯಾವ್ದೋ ಬೈಕು ನಾಲೆಗೆ ಬಿದ್ದದಂತೆ ಕಣಮ್ಮ."

ತಮ್ಮ ಯಾವಾಗಲೋ ಬಂದಿರಬೇಕಿತ್ತು. ಫೋನ್ ಮಾಡಿದೆ, ಸ್ವಿಚ್ ಆಫ್. ಮತ್ತೆ ಮಾಡಿದೆ. ನಾಲೆಯ ಏರಿಗೆ ಆ ಕಡೆ ತಡೆಗೋಡೆಯೇ ಇಲ್ಲ. ನನ್ನ ವಿಜ್ಞಾನವೆಲ್ಲ ಎಲ್ಲಿ ಹೋಯಿತೋ, ನಾನು ಫೋನ್ ಮಾಡಿದ್ದು ಪೊಲೀಸರಿಗಲ್ಲ, ಅಜ್ಜಿಗೆ.

"ಅಗಲೊತ್ತು ಕತೆ ಯೋಳ್ಬುಟ್ಯಾ? ಬುದ್ದಿ ಅದ್ಯಾ ನಿಂಗೆ?" ಅಜ್ಜಿ ಗದರಿದಳು. "ಎಲ್ಲೀಗಂಟ ಯೋಳಿದ್ದೀಯೆ?"

"ಅವನು ಕಾಡಲ್ಲಿದಾನಜ್ಜಿ."

"ಅಲ್ಲೇ ಬುಟ್ಬುಟ್ರೆ ಇವ್ನೂ ಅಲ್ಲೇ ಸಿಕ್ಕಾಕತಾನೆ. ಮನೆಗೆ ಕರ್ಕಬಾ ಅವುನ್ನ. ನಾನು ಊಂ ಅಂತೀನಿ."

ಮುಂದುವರಿಸಿದರೆ ಹಗಲು ಕತೆ, ನಿಲ್ಲಿಸಿದರೆ ಅರ್ಧ ಕತೆ. ಹೇಳತೊಡಗಿದೆ. ಅಜ್ಜಿ ಫೋನಿನಲ್ಲಿ ಊಂ ಅನ್ನುತ್ತಿದ್ದಳು. ಮಗಳು ಔಷಧಿಯ ಮಂಪರಿನಲ್ಲಿ ನಿದ್ದೆ ಹೋದಳು. ಅಣ್ಣನನ್ನು ಹೊಳೆ ದಾಟಿಸಿದೆ, ಕುರಿ ಸಿಗುವಂತೆ ಮಾಡಿದೆ. ಊರು ಇನ್ನೂ ದೂರವಿತ್ತು. ಆಗ ಅಜ್ಜಿಯ ಊಂ ನಿಂತಿತು. ನೋಡಿದರೆ ಫೋನ್ ಕಟ್ಟಾಗಿದೆ.

ಹೂಂಗುಟ್ಟಲು ಯಾರೂ ಇಲ್ಲ. ಆದರೂ ನಿಲ್ಲಿಸುವ ಧೈರ್ಯ ಬರಲಿಲ್ಲ. "ಅಣ್ಣ ಕುರೀನ ಎತ್ಕೊಂಡು ನಡೆದ" ಅಂದೆ.

"ಊಂ" ಅಂತು ನನ್ನ ಬೆನ್ನ ಹಿಂದೆ ಒಂದು ಒಡಕು ದನಿ.

ತಿರುಗಿ ನೋಡಲಿಲ್ಲ. ಗೋಡೆಯನ್ನೇ ನೋಡುತ್ತಾ, ಅಳುತ್ತಾ, ಅವನನ್ನು ಊರ ಬಾಗಿಲು ದಾಟಿಸಿದೆ, ಮನೆಯ ಹೊಸ್ತಿಲು ದಾಟಿಸಿದೆ, ಕಾಲಿಗೆ ನೀರು ಕೊಡಿಸಿ ಊಟಕ್ಕೆ ಕೂರಿಸಿದೆ. ಪ್ರತಿ ಮಾತಿಗೂ ಹಿಂದಿನಿಂದ ಊಂ ಬರುತ್ತಲೇ ಇತ್ತು. ಕತೆ ಮುಗಿದ ಮೇಲೆ ತಿರುಗಿದೆ.

ಬಾಗಿಲಲ್ಲಿ ತಮ್ಮ ನಿಂತಿದ್ದ. ಮೈತುಂಬ ಧೂಳು, ಹೆಗಲಲ್ಲಿ ಕಟ್ಟು.

"ಯಾಕಕ್ಕ ಅಳ್ತೀಯೆ? ಕಬ್ಬಿನ ಟ್ರ್ಯಾಕ್ಟ್ರು ಸಾಲಾಗಿ ನಿಂತಿದ್ವು. ಆತಗೂರು ಕಡೆ ಒಳದಾರೀಲಿ ನುಗ್ಗಿದೆ, ದಾರಿ ತಪ್ಪೋಯ್ತು. ಫೋನ್ ಬೇರೆ ಸತ್ತೋಗಿತ್ತು." ನಾಲೆಗೆ ಬಿದ್ದವನು ಬೇರೆ ಯಾರೋ, ಈಜಿ ದಡ ಸೇರಿದ್ದನಂತೆ.

ಅಜ್ಜಿಗೆ ಫೋನ್ ಮಾಡಿ ಅವನ ದನಿ ಕೇಳಿಸಿದ ಮೇಲೆ ಮುದ್ದೆ ಬಡಿಸಿದೆ. ಉಣ್ಣುತ್ತಾ ತಮ್ಮ ಅಂದ:

"ಕತೆ ವಿಚಾರಾನೇ ಬರ್ದಿರದು ಅಂತೆ, ದಿಟವೇ. ಆದ್ರೆ ಅಗಲೊತ್ತು ಯೋಳ್ಬಾರ್ದು ಅಂತ ಎಲ್ಲೂ ಇಲ್ವಂತೆ. ಮೇಷ್ಟ್ರು ಕಡೇಗಂಟ ಓದುದ್ರು. ಒಂದು ಗರೀನ ಮಾತ್ರ ಉಳ ತಿಂದುಬುಟ್ಟದೆ."

"ಅದ್ರಲ್ಲೇ ಇತ್ತು" ಅಂದೆ.

ಅವನು ತುತ್ತು ಕೈಯಲ್ಲಿ ಹಿಡಿದು ಬಿದ್ದು ಬಿದ್ದು ನಕ್ಕ. ನನಗೆ ನಗು ಬರಲಿಲ್ಲ.